ಮನೆ ದೊಡ್ಡದಾಯಿತು, ನೆರೆಮನೆಯ ಕಿಟಕಿ ಮುಚ್ಚಿತು

ಏಳು ವರ್ಷದ ಹುಡುಗಿ. ರಾತ್ರಿ ಮಲಗಿದ ಸ್ವಲ್ಪ ಹೊತ್ತಿಗೆ ಕೆಮ್ಮು ಶುರು. ಎದೆಯಲ್ಲಿ ಸಿಳ್ಳೆಯಂಥ ಸದ್ದು. ಬೆಳಗಾದರೆ ಕಡಿಮೆ. ಮಕ್ಕಳ ತಜ್ಞರು ಇನ್‌ಹೇಲರ್ ಕೊಟ್ಟಿದ್ದರು. ಅದನ್ನು ನಿಲ್ಲಿಸಬೇಡಿ ಎಂದು ಹೇಳಿಯೇ ನಾನೂ ಔಷಧಿ ಕೊಟ್ಟೆ. ಬೇಸಿಗೆಯಲ್ಲಿ ಚೆನ್ನಾಗಿದ್ದ ಮಗು ಜೂನ್ ಕಳೆಯುವಷ್ಟರಲ್ಲಿ ಮತ್ತೆ ನನ್ನ ಕ್ಲಿನಿಕ್‌ನ ಬೆಂಚಿನ ಮೇಲೆ ಕುಳಿತಿತ್ತು. ಅಜ್ಜಿಮನೆಗೆ ಹೋಗಿ ನಾಲ್ಕು ದಿನ ಇದ್ದರೆ ಕೆಮ್ಮೇ ಇರುವುದಿಲ್ಲ ಎಂದು ತಾಯಿ ಹೇಳಿದಾಗ ನನಗೆ ಔಷಧಿಯ ಮೇಲಿದ್ದ ಸಂಶಯ ಮನೆಯ ಮೇಲೆ ತಿರುಗಿತು.

"ಮಗು ಮಲಗುವ ಕೋಣೆಗೆ ಕಿಟಕಿ ಇದೆಯಾ?"

"ಇದೆ ಡಾಕ್ಟ್ರೇ. ಆದರೆ ಎರಡು ವರ್ಷದಿಂದ ತೆರೆಯುವುದಿಲ್ಲ."

ಪಕ್ಕದ ಮನೆಯವರು ಅಡುಗೆಮನೆಯನ್ನು ಪಾಗಾರದವರೆಗೆ ಎಳೆದಿದ್ದರು. ಗೋಡೆಗೂ ಈ ಕಿಟಕಿಗೂ ನಡುವೆ ಒಂದು ಕೈ ಜಾಗ. ಅವರ ಎಕ್ಸಾಸ್ಟ್ ಫ್ಯಾನು ನೇರ ಇದೇ ಕಿಟಕಿಗೆ ಮುಖ ಮಾಡಿತ್ತು. ಗಲ್ಫಿನಲ್ಲಿದ್ದ ಗಂಡ ಅಲ್ಲಿಂದಲೇ ಫೋನಿನಲ್ಲಿ ಜಗಳವಾಡಿ, ಊರಿಗೆ ಬಂದಾಗ ಪಾಲಿಕೆಗೆ ದೂರು ಕೊಟ್ಟರು. ಪಕ್ಕದವರು ಸುಮ್ಮನಿರುತ್ತಾರೆಯೇ? ಇವರ ಟೆರೇಸಿನ ಶೀಟಿನ ಮೇಲೆ ಅವರೂ ದೂರು ಕೊಟ್ಟರು. ಎರಡೂ ಮನೆಗೆ ನೋಟಿಸು ಬಂತು. ಪೆರ್ನಾಳಿಗೆ ತಟ್ಟೆ ಬದಲಾಯಿಸಿಕೊಳ್ಳುತ್ತಿದ್ದ ಎರಡು ಮನೆಗಳ ನಡುವೆ ಈಗ ಮಾತಿಲ್ಲ. ಗೋಡೆಯ ಒಳಬದಿಯಲ್ಲಿ ಕಪ್ಪು ಬೂಸಲು, ಅದರ ಪಕ್ಕದಲ್ಲೇ ಮಗುವಿನ ಮಂಚ.

ಆರೋಗ್ಯದ ಪುಟದಲ್ಲಿ ಪಾಲಿಕೆಯ ಪರವಾನಿಗೆಯ ವಿಷಯವೇಕೆ ಎಂದು ಕೇಳುವವರಿಗೆ ಇದೇ ನನ್ನ ಉತ್ತರ. ಸುರತ್ಕಲ್, ಕೃಷ್ಣಾಪುರ, ಚೊಕ್ಕಬೆಟ್ಟು, ಕಾಟಿಪಳ್ಳಗಳಲ್ಲಿ ಮನೆಗಳು ಹತ್ತಿರ ಹತ್ತಿರ. ಮಗನ ಮದುವೆಗೆ ಒಂದು ಕೋಣೆ, ಮೇಲೊಂದು ಮಹಡಿ, ಹಿಂದೆ ಒಂದು ಅಡುಗೆಮನೆ, ಹೀಗೆ ಮನೆ ಬೆಳೆಯುತ್ತಲೇ ಇರುತ್ತದೆ. ಬೆಳೆಯುವುದು ತಪ್ಪಲ್ಲ. ಆದರೆ ಅದು ಯಾರ ಗಾಳಿಯನ್ನು ತಿಂದು ಬೆಳೆಯಿತು ಎಂಬುದು ವೈದ್ಯರಿಗೆ ಎರಡು ವರ್ಷದ ನಂತರ ಗೊತ್ತಾಗುತ್ತದೆ.

ಮೊದಲ ಕಾರಣ ಗಾಳಿ

ಯುನಾನಿ ವೈದ್ಯಶಾಸ್ತ್ರ ಆರೋಗ್ಯಕ್ಕೆ ಅನಿವಾರ್ಯವಾದ ಆರು ಕಾರಣಗಳನ್ನು ಹೇಳುತ್ತದೆ. ಇದಕ್ಕೆ 'ಅಸ್ಬಾಬೆ ಸಿತ್ತಾ ಝರೂರಿಯ್ಯ' ಎಂದು ಹೆಸರು. ಅನ್ನಪಾನ, ದೇಹದ ಚಲನೆ ಮತ್ತು ವಿಶ್ರಾಂತಿ, ಮನಸ್ಸಿನ ಚಲನೆ ಮತ್ತು ವಿಶ್ರಾಂತಿ, ನಿದ್ದೆ ಮತ್ತು ಎಚ್ಚರ, ಶರೀರ ಉಳಿಸಿಕೊಳ್ಳುವುದು ಮತ್ತು ಹೊರಹಾಕುವುದು. ಇವೆಲ್ಲಕ್ಕಿಂತ ಮೊದಲು ಬರುವುದು ನಮ್ಮನ್ನು ಸುತ್ತುವರಿದ ಗಾಳಿ. ಇಬ್ನ್ ಸೀನಾ ತಮ್ಮ 'ಅಲ್ ಖಾನೂನ್' ಗ್ರಂಥದಲ್ಲಿ ವಾಸದ ಮನೆಯ ಬಗ್ಗೆಯೇ ಪ್ರತ್ಯೇಕವಾಗಿ ಬರೆದಿದ್ದಾರೆ. ಬಾಗಿಲು ಕಿಟಕಿಗಳು ಪೂರ್ವಕ್ಕೋ ಉತ್ತರಕ್ಕೋ ಇರಲಿ, ಬಿಸಿಲು ಮನೆಯ ಎಲ್ಲ ಕಡೆಗೂ ತಲುಪಲಿ, ಬಿಸಿಲೇ ಗಾಳಿಯನ್ನು ಶುದ್ಧ ಮಾಡುತ್ತದೆ ಎಂಬುದು ಅವರ ಸಲಹೆಯ ಸಾರ. ಅವರು ಸಮುದ್ರದ ಪಕ್ಕ ಕುಳಿತು ಇದನ್ನು ಬರೆಯಲಿಲ್ಲ ಎಂಬುದೂ ನೆನಪಿರಲಿ. ನಮ್ಮಲ್ಲಿ ಮಳೆ ನೈಋತ್ಯದಿಂದ ಬಡಿಯುತ್ತದೆ, ಮಧ್ಯಾಹ್ನದ ತಂಪುಗಾಳಿ ಪಶ್ಚಿಮದ ಕಡಲಿನಿಂದ ಬರುತ್ತದೆ. ಪಶ್ಚಿಮದ ಕಿಟಕಿ ನಮಗೆ ಬೇಕು, ಆದರೆ ಅದಕ್ಕೆ ಅಗಲವಾದ ಸಜ್ಜೆಯೂ ಬೇಕು.

ಕಿಟಕಿ ಎಷ್ಟು ದೊಡ್ಡದಿರಬೇಕು? 2016ರ ರಾಷ್ಟ್ರೀಯ ಕಟ್ಟಡ ಸಂಹಿತೆ ಒಣ ಸೆಕೆಯ ಊರಿಗೆ ನೆಲದ ವಿಸ್ತೀರ್ಣದ ಹತ್ತನೇ ಒಂದು ಭಾಗ, ನಮ್ಮಂಥ ತೇವದ ಸೆಕೆಯ ಊರಿಗೆ ಆರನೇ ಒಂದು ಭಾಗ ತೆರಪು ಇರಬೇಕೆನ್ನುತ್ತದೆ. ಹತ್ತು ಅಡಿಗೆ ಹನ್ನೆರಡು ಅಡಿಯ ಕೋಣೆಯಾದರೆ 20 ಚದರ ಅಡಿ. ನಿಮ್ಮ ಮನೆಯ ಒಂದು ಕೋಣೆಯನ್ನು ಅಳೆದು ನೋಡಿ. ಹೆಚ್ಚಿನ ಮನೆಗಳಲ್ಲಿ ಇದರ ಅರ್ಧವೂ ಸಿಗುವುದಿಲ್ಲ. ಇರುವ ಅರ್ಧಕ್ಕೂ ನೆರೆಮನೆಯ ಗೋಡೆ ಅಡ್ಡ ಬಂದರೆ, ಮಳೆಗಾಲದ ನಾಲ್ಕು ತಿಂಗಳು ಆ ಕೋಣೆ ಒಣಗುವುದೇ ಇಲ್ಲ. ಒದ್ದೆ ಗೋಡೆ, ಬೂಸಲು ಮತ್ತು ಉಬ್ಬಸದ ನಂಟಿನ ಬಗ್ಗೆ ವಿಶ್ವ ಆರೋಗ್ಯ ಸಂಸ್ಥೆ 2009ರಲ್ಲೇ ಪ್ರತ್ಯೇಕ ಮಾರ್ಗಸೂಚಿ ಹೊರಡಿಸಿದೆ.

ಬೂಸಲಿನ ವಾಸನೆ ಹೋಗಲೆಂದು ಲೋಬಾನ ಹಾಕುವ ಅಭ್ಯಾಸ ನಮ್ಮಲ್ಲಿದೆ. ಲೋಬಾನದ ಪರಿಮಳ ನನಗೂ ಇಷ್ಟ. ಆದರೆ ಹೊಗೆಯಿಂದ ಗೋಡೆ ಒಣಗುವುದಿಲ್ಲ, ದಮ್ಮು ಇರುವ ಮಗುವಿಗೆ ಹೊಗೆಯೇ ಇನ್ನೊಂದು ಶತ್ರು. ಬೂಸಲಿನ ಮೇಲೆ ಪೇಂಟ್ ಬಳಿಯುವುದೂ ಪ್ರಯೋಜನವಿಲ್ಲ, ಮುಂದಿನ ಜುಲೈಯಲ್ಲಿ ಅದು ಪೇಂಟನ್ನು ಸೀಳಿಕೊಂಡು ಬರುತ್ತದೆ. ಮೊದಲು ನೀರು ಎಲ್ಲಿಂದ ಬರುತ್ತಿದೆ ಎಂದು ಹುಡುಕಿ ನಿಲ್ಲಿಸಿ. ನಂತರ ಮೂಗಿಗೆ ಮಾಸ್ಕ್ ಕಟ್ಟಿ ಸೋಪು ನೀರಿನಿಂದ ತಿಕ್ಕಿ ತೊಳೆದು, ಪೂರ್ತಿ ಒಣಗಿದ ಮೇಲೆಯೇ ಬಣ್ಣ ಹಚ್ಚಿ. ಮಂಚವನ್ನು ಆ ಗೋಡೆಯಿಂದ ದೂರ ಸರಿಸುವುದಕ್ಕೆ ಖರ್ಚೇನೂ ಇಲ್ಲ, ಅದನ್ನು ಇವತ್ತೇ ಮಾಡಿ.

ಪರವಾನಿಗೆ ಏನನ್ನು ಹೇಳುತ್ತದೆ, ಏನನ್ನು ಹೇಳುವುದಿಲ್ಲ

ಸುಣ್ಣ ಬಣ್ಣ, ಒಡೆದ ಹಂಚು ಬದಲಾಯಿಸುವುದು, ಗಾರೆ ತೇಪೆ, ಇವಕ್ಕೆ ಯಾರ ಅನುಮತಿಯೂ ಬೇಡ. ಕೋಣೆ ಸೇರಿಸುವುದು, ಮಹಡಿ ಏರಿಸುವುದು, ಗೋಡೆ ಹೊರಗೆ ಎಳೆಯುವುದು, ಇವಕ್ಕೆ ಮಹಾನಗರ ಪಾಲಿಕೆಯ ಪರವಾನಿಗೆ ಬೇಕು. ಇದು 1976ರ ಕರ್ನಾಟಕ ಮುನಿಸಿಪಲ್ ಕಾರ್ಪೊರೇಷನ್ ಕಾಯ್ದೆಯ ಮಾತು. ಕಡಲ ತೀರಕ್ಕೆ ಹತ್ತಿರವಿರುವ ಇಡ್ಯಾ, ಹೊಸಬೆಟ್ಟು ಕಡೆಯವರು ಇನ್ನೊಂದು ವಿಷಯ ವಿಚಾರಿಸಿಕೊಳ್ಳಬೇಕು. ಭರತದ ಗೆರೆಯಿಂದ 500 ಮೀಟರ್ ಒಳಗಿನ ಜಾಗಕ್ಕೆ ಕರಾವಳಿ ನಿಯಂತ್ರಣ ವಲಯದ ನಿಯಮಗಳೂ ಅನ್ವಯಿಸುತ್ತವೆ.

ಮನೆಯ ಸುತ್ತ ಬಿಡಬೇಕಾದ ತೆರವು ಜಾಗಕ್ಕೆ ಎಲ್ಲರೂ 'ಸೆಟ್‌ಬ್ಯಾಕ್' ಎನ್ನುತ್ತಾರೆ. ಸರಕಾರ ನಮ್ಮ ಜಾಗದಲ್ಲಿ ಸುಮ್ಮನೆ ಕಿತ್ತುಕೊಂಡದ್ದು ಎಂದು ಬಹಳ ಜನ ತಿಳಿದಿದ್ದಾರೆ. ನಾನು ಅದನ್ನು ಎರಡು ಮನೆಗಳ ಶ್ವಾಸನಾಳ ಎನ್ನುತ್ತೇನೆ. ನಿಮ್ಮದು ಮೂರಡಿ, ಅವರದ್ದು ಮೂರಡಿ ಸೇರಿದರೆ ಆರಡಿ ಅಗಲದ ಗಾಳಿಯ ದಾರಿ. ಒಬ್ಬರು ತಮ್ಮ ಪಾಲನ್ನು ಮುಚ್ಚಿದರೆ ಇನ್ನೊಬ್ಬರಿಗೂ ಅರ್ಧ ಹೋಯಿತು.

ಎರಡು ತಪ್ಪು ತಿಳಿವಳಿಕೆಗಳು ಬಹುತೇಕ ಜಗಳಗಳ ಬೇರಿನಲ್ಲಿವೆ. ಪಕ್ಕದವರು ಬಾಯಿಮಾತಿನಲ್ಲಿ ಒಪ್ಪಿದ್ದಾರೆ, ಹಾಗಾಗಿ ಪರವಾನಿಗೆ ಬೇಡ ಎನ್ನುವುದು ಒಂದು. ನೆರೆಯವರ ಒಪ್ಪಿಗೆಯಿಂದ ಸೆಟ್‌ಬ್ಯಾಕ್ ಉಲ್ಲಂಘನೆ ಸಕ್ರಮವಾಗುವುದಿಲ್ಲ. ಅವರು ಮನೆ ಮಾರಿದ ಮರುದಿನ ಹೊಸಬರು ದೂರು ಕೊಡಬಹುದು. ಇನ್ನೊಂದು ಇದಕ್ಕೆ ವಿರುದ್ಧ. ಪಾಲಿಕೆಯೇ ಒಪ್ಪಿದೆ, ಇವನ್ಯಾರು ಕೇಳುವುದಕ್ಕೆ ಎನ್ನುವುದು. ಪರವಾನಿಗೆ ಎಂದರೆ ನಿಮ್ಮ ನಕ್ಷೆ ಕಟ್ಟಡ ನಿಯಮಕ್ಕೆ ಹೊಂದುತ್ತದೆ ಎಂಬ ಮಾತು ಅಷ್ಟೇ. ಗಡಿ ಎಲ್ಲಿದೆ, ಹಳೆಯ ಕಿಟಕಿಯ ಬೆಳಕಿಗೆ ಯಾರ ಹಕ್ಕಿದೆ ಎಂಬುದನ್ನು ಅದು ತೀರ್ಮಾನಿಸುವುದಿಲ್ಲ. ಅದು ಸಿವಿಲ್ ಕೋರ್ಟಿನ ಕೆಲಸ.

ಹಳೆಯ ಕಿಟಕಿಯ ಹಕ್ಕಿನ ಬಗ್ಗೆ 1882ರ ಈಸ್‌ಮೆಂಟ್ ಕಾಯ್ದೆ ಇದೆ. ದಕ್ಷಿಣ ಕನ್ನಡ ಆಗ ಮದ್ರಾಸ್ ಪ್ರಾಂತದಲ್ಲಿದ್ದುದರಿಂದ ಮೊದಲಿನಿಂದಲೂ ನಮಗೆ ಅನ್ವಯಿಸಿದ ಕಾಯ್ದೆ. ಒಂದು ಕಿಟಕಿಗೆ ಹಕ್ಕಿನಂತೆ, ತಕರಾರಿಲ್ಲದೆ, ಅಡೆತಡೆಯಿಲ್ಲದೆ 20 ವರ್ಷ ಬೆಳಕು ಗಾಳಿ ಬಂದಿದ್ದರೆ ಅದು ಆ ಮನೆಯ ಹಕ್ಕಾಗುತ್ತದೆ. ಆದರೆ ಅಡ್ಡ ಬಂದ ಎರಡು ವರ್ಷದೊಳಗೆ ದಾವೆ ಹೂಡಬೇಕು. ಕಾಯ್ದೆಯ 33ನೇ ಕಲಮಿನಲ್ಲಿರುವ ಒಂದು ವಿವರಣೆ ಓದಿದಾಗ ವೈದ್ಯನಾಗಿ ನನಗೆ ಆಶ್ಚರ್ಯವಾಯಿತು. ಗಾಳಿ ತಡೆದಾಗ ಕಾಯಿಲೆ ಬಂದಿದೆ ಎಂದು ತೋರಿಸಬೇಕಾಗಿಲ್ಲ, ಮನೆಯವರ ದೈಹಿಕ ನೆಮ್ಮದಿಗೆ ಗಣನೀಯವಾದ ಅಡ್ಡಿಯಾದರೆ ಸಾಕು ಎನ್ನುತ್ತದೆ ಅದು. ಹೊಸ ಮನೆಯ ಹೊಸ ಕಿಟಕಿಗೆ ಈ ರಕ್ಷಣೆ ಇಲ್ಲ ಎಂಬುದನ್ನೂ ತಿಳಿದಿರಬೇಕು. ಅಲ್ಲಿ ನಿಮ್ಮನ್ನು ಕಾಯುವುದು ಸೆಟ್‌ಬ್ಯಾಕ್ ಮಾತ್ರ.

ಕಿಟಕಿ ಬೇಕು, ಮರೆಯೂ ಬೇಕು

ನಮ್ಮ ಮನೆಗಳಲ್ಲಿ ಇನ್ನೊಂದು ತಕರಾರು ಗಾಳಿಯದ್ದಲ್ಲ, ನೋಟದ್ದು. ಪಕ್ಕದವರ ಹೊಸ ಮಹಡಿಯ ಕಿಟಕಿ ನಮ್ಮ ಹಿತ್ತಿಲಿಗೆ, ಬಾವಿಕಟ್ಟೆಗೆ, ಹೆಂಗಸರು ಬಟ್ಟೆ ಒಣಗಿಸುವ ಜಾಗಕ್ಕೆ ನೇರವಾಗಿರುತ್ತದೆ. ಆಗ ನಾವು ಏನು ಮಾಡುತ್ತೇವೆ? ನಮ್ಮ ಕಿಟಕಿಯನ್ನೇ ಮುಚ್ಚಿ, ಮೇಲಿಂದ ದಪ್ಪ ಪರದೆ ಎಳೆಯುತ್ತೇವೆ. ಪರಿಣಾಮವಾಗಿ ಹಗಲಿಡೀ ಮನೆಯೊಳಗಿರುವ ಹೆಂಗಸರೇ ಬಿಸಿಲು ಕಾಣದೆ ಉಳಿಯುತ್ತಾರೆ. ಕೈಕಾಲು ನೋವೆಂದು ಬಂದ ಎಷ್ಟೋ ತಾಯಂದಿರಲ್ಲಿ ವಿಟಮಿನ್ ಡಿ ತೀರಾ ಕಡಿಮೆ ಇರುವುದನ್ನು ನೋಡಿದ್ದೇನೆ. ಗಾಜಿನ ಹಿಂದಿನ ಬೆಳಕಿನಿಂದ ಅದು ಸಿಗುವುದಿಲ್ಲ, ಮೈಮೇಲೆ ನೇರ ಬಿಸಿಲು ಬೀಳುವ ಮರೆಯಾದ ಹಿತ್ತಿಲೋ ಟೆರೇಸೋ ಬೇಕು.

ಈ ತಕರಾರು ಹೊಸದೇನಲ್ಲ. ಹದಿನಾಲ್ಕನೇ ಶತಮಾನದಲ್ಲಿ ಟ್ಯುನಿಸ್‌ನಲ್ಲಿದ್ದ ಇಬ್ನ್ ಅರ್‌ರಾಮಿ ಎಂಬ ಮೇಸ್ತ್ರಿ, ಹೌದು, ಕಲ್ಲು ಕಟ್ಟುವ ಮೇಸ್ತ್ರಿಯೇ, ನೆರೆಹೊರೆಯ ಗೋಡೆ, ಕಿಟಕಿ, ಚರಂಡಿಗಳ ತಕರಾರುಗಳ ಬಗ್ಗೆ ಇಡೀ ಒಂದು ಗ್ರಂಥ ಬರೆದಿದ್ದಾರೆ. ಉಸ್ಮಾನಿಯಾ ಸಾಮ್ರಾಜ್ಯ 1869ರಿಂದ 1876ರವರೆಗೆ ಸಿದ್ಧಪಡಿಸಿದ 'ಮಜಲ್ಲಾ' ಎಂಬ ನ್ಯಾಯಸಂಹಿತೆ ಅಡುಗೆಮನೆ, ಬಾವಿಕಟ್ಟೆ, ಅಂಗಳ ಇಂಥ ಹೆಂಗಸರು ಓಡಾಡುವ ಜಾಗ ಕಾಣುವಂತೆ ಕಿಟಕಿ ಇಡುವುದನ್ನು ಅತಿಯಾದ ಹಾನಿ ಎಂದು ಪರಿಗಣಿಸಿತು. ಪರಿಹಾರವಾಗಿ ಕಿಟಕಿಯನ್ನು ಪೂರ್ತಿ ಮುಚ್ಚಲು ಅದು ಹೇಳಲಿಲ್ಲ, ನೋಟ ತಡೆಯುವ ಗೋಡೆಯೋ ಹಲಗೆಯ ಮರೆಯೋ ಕಟ್ಟಲು ಹೇಳಿತು. ಆಳೆತ್ತರಕ್ಕಿಂತ ಮೇಲಿರುವ ಕಿಟಕಿಗೆ ತಕರಾರೇ ಇಲ್ಲ ಎಂದಿತು. ನಮ್ಮ ದೇಶದಲ್ಲೂ 1888ರಲ್ಲಿ ಗೋಕಲ್ ಪ್ರಸಾದ್ ಮತ್ತು ರಾಧೋ ನಡುವಿನ ಮೊಕದ್ದಮೆಯಲ್ಲಿ ಅಲಹಾಬಾದ್ ಹೈಕೋರ್ಟು ರೂಢಿಯಿಂದ ಬಂದ ಗೋಪ್ಯತೆಯ ಹಕ್ಕನ್ನು ಎತ್ತಿಹಿಡಿಯಿತು. ಆ ಮೊಕದ್ದಮೆ ಹಿಂದೂ ಮನೆಗಳದ್ದು. ಪರದೆಯ ಚಿಂತೆ ನಮ್ಮೊಬ್ಬರದ್ದಲ್ಲ.

ಮನೆ ಕಟ್ಟುವವರಿಗೆ ಇದರಲ್ಲಿ ಸುಲಭದ ದಾರಿ ಇದೆ. ಪಕ್ಕದ ಮನೆಯ ಕಡೆ ಕಿಟಕಿಯ ತಳವನ್ನು ಆರಡಿ ಎತ್ತರಕ್ಕೆ ಇಟ್ಟು, ಅಗಲವಾದ ವೆಂಟಿಲೇಟರಿನಂತೆ ಮಾಡಿ. ಬಿಸಿಗಾಳಿ ಮೇಲಿನಿಂದಲೇ ಹೋಗುತ್ತದೆ. ಅಥವಾ ಕೆಳಗೆ ಇಳಿಜಾರಾಗಿ ಹಲಗೆ ಜೋಡಿಸಿದ ಲೂವರ್ ಹಾಕಿ, ಗಾಳಿ ಬರುತ್ತದೆ, ನೋಟ ಹೋಗುವುದಿಲ್ಲ. ಜಾಲಿ ಇಟ್ಟಿಗೆಯೂ ಒಳ್ಳೆಯದೇ. ನಕ್ಷೆ ಮಾಡುವಾಗಲೇ ಇಂಜಿನಿಯರಿಗೆ ಹೇಳಬೇಕು, ಗೋಡೆ ಎದ್ದ ಮೇಲೆ ಅಲ್ಲ.

ಬಾವಿ, ಗುಂಡಿ, ನಿಂತ ನೀರು

ಮನೆ ವಿಸ್ತರಿಸುವಾಗ ಹೊಸ ಬಾತ್‌ರೂಮು ಬರುತ್ತದೆ, ಅದರ ಜೊತೆ ಹಿಂಗುಗುಂಡಿ. ಇದರಷ್ಟು ಅಪಾಯಕಾರಿಯಾದ ಮತ್ತು ಇದರಷ್ಟು ಕಡಿಮೆ ಯೋಚಿಸಿ ಮಾಡುವ ಕೆಲಸ ಇನ್ನೊಂದಿಲ್ಲ. ಭಾರತೀಯ ಮಾನಕ 2470ರ ಪ್ರಕಾರ ಹಿಂಗುಗುಂಡಿ ಕುಡಿಯುವ ನೀರಿನ ಬಾವಿಯಿಂದ 18 ಮೀಟರ್ ದೂರವಿರಬೇಕು. ಗಡಿಯಾಚೆ ಮಂಜೇಶ್ವರ, ಕಾಸರಗೋಡಿನಲ್ಲಿರುವ ನಮ್ಮ ನೆಂಟರಿಗೆ ಕೇರಳದ ಕಟ್ಟಡ ನಿಯಮ ಹೇಳುವುದು 7.5 ಮೀಟರ್. ಈಗ ಲೆಕ್ಕ ಹಾಕಿ. ಐದು ಸೆಂಟ್ಸ್ ಜಾಗ ಚೌಕವಾಗಿದ್ದರೆ ಒಂದು ಬದಿ ಸುಮಾರು 14 ಮೀಟರ್. ಮೂಲೆಯಿಂದ ಮೂಲೆಗೆ 20 ಮೀಟರ್. ನಿಮ್ಮ ಬಾವಿ ಒಂದು ಮೂಲೆಯಲ್ಲಿ, ಗುಂಡಿ ಎದುರು ಮೂಲೆಯಲ್ಲಿ ಇಟ್ಟರೆ ಮಾತ್ರ ನಿಯಮಕ್ಕೆ ಹತ್ತಿರ. ಆದರೆ ಆ ಎದುರು ಮೂಲೆಯ ಆಚೆ ಪಾಗಾರಕ್ಕೆ ತಾಗಿಕೊಂಡು ಪಕ್ಕದವರ ಬಾವಿ ಇದ್ದರೆ? ನಿಮ್ಮ ನೀರು ಉಳಿಯಿತು, ಅವರದ್ದು ಕೆಟ್ಟಿತು. ನಮ್ಮ ಮುರಕಲ್ಲಿನ ನೆಲದಲ್ಲಿ ತೂತುಗಳೇ ಹೆಚ್ಚು, ಕೊಳೆ ನೀರು ಸೋಸದೆಯೇ ಹರಿದುಬಿಡುತ್ತದೆ. ಟೈಫಾಯ್ಡ್, ಕಾಮಾಲೆ ಎರಡು ಮನೆಗೆ ಒಟ್ಟಿಗೆ ಬಂದಾಗ ನಾನು ಕೇಳುವ ಮೊದಲ ಪ್ರಶ್ನೆ ಪಕ್ಕದವರ ಗುಂಡಿ ಎಲ್ಲಿದೆ ಎಂಬುದು.

ಹಾಗಾಗಿ ಗುಂಡಿಯ ಜಾಗವನ್ನು ಪಕ್ಕದವರ ಜೊತೆ ನಿಂತು, ಎರಡೂ ಬಾವಿಗಳಿಂದ ಟೇಪು ಹಿಡಿದು ಗುರುತು ಮಾಡಿ. ಒಳಚರಂಡಿ ಇರುವ ಬೀದಿಯಾದರೆ ಗುಂಡಿಯೇ ಬೇಡ, ಸಂಪರ್ಕ ತೆಗೆದುಕೊಳ್ಳಿ. ಬಾವಿಯ ಬಗ್ಗೆ ಸಂಶಯವಿದ್ದರೆ ನೀರನ್ನು ಪರೀಕ್ಷೆ ಮಾಡಿಸಿ. ಅಲ್ಲಿಯವರೆಗೆ ಕುದಿಸಿ ಕುಡಿಯಿರಿ, ಬಾವಿಗೆ 1000 ಲೀಟರಿಗೆ ಸುಮಾರು 2.5 ಗ್ರಾಂ ಒಳ್ಳೆಯ ಬ್ಲೀಚಿಂಗ್ ಪೌಡರಿನಂತೆ ಕಲಸಿ ಹಾಕಿ ಕನಿಷ್ಠ ಒಂದು ಗಂಟೆ ಬಿಟ್ಟು ಬಳಸಿ.

ಸ್ಲ್ಯಾಬಿನ ಮೇಲೆ ಕ್ಯೂರಿಂಗಿಗೆ ಕಟ್ಟಿ ನಿಲ್ಲಿಸುವ ನೀರು ಇನ್ನೊಂದು ಸಮಸ್ಯೆ. ಮಂಗಳೂರಿನ ಮಲೇರಿಯಾಕ್ಕೂ ಕಟ್ಟಡ ಕಾಮಗಾರಿಗೂ ಇರುವ ನಂಟು ಹಳೆಯದು, 2019ರಲ್ಲಿ ಡೆಂಗ್ಯೂ ನಮ್ಮ ನಗರವನ್ನು ಹೇಗೆ ಕಾಡಿತೆಂಬುದು ಎಲ್ಲರಿಗೂ ನೆನಪಿದೆ. ಮೊಟ್ಟೆ ಸೊಳ್ಳೆಯಾಗಲು ಒಂದು ವಾರದಿಂದ ಹತ್ತು ದಿನ ಸಾಕು. ವಾರಕ್ಕೊಮ್ಮೆ ಆ ನೀರನ್ನು, ಡ್ರಮ್ಮುಗಳನ್ನು ಪೂರ್ತಿ ಖಾಲಿ ಮಾಡಿ ಒಂದು ದಿನ ಒಣಗಲು ಬಿಡಿ. ಟೈಲ್ಸು, ಕೆಂಪುಕಲ್ಲು ಕತ್ತರಿಸುವಾಗ ನೀರು ಹಾಯಿಸಿ ಕತ್ತರಿಸಲು ಮೇಸ್ತ್ರಿಗೆ ಹೇಳಿ. ಪಕ್ಕದ ಮನೆಯಲ್ಲಿ ದಮ್ಮು ಇರುವವರಿದ್ದರೆ ಯಾವ ದಿನ ಧೂಳಿನ ಕೆಲಸ ಎಂದು ಮೊದಲೇ ತಿಳಿಸಿ.

ನೋಟಿಸು ಬಂದರೆ

ಪಾಲಿಕೆಯ ನೋಟಿಸು ಕಂಡೊಡನೆ ಮನೆಯವರಿಗೆ ಬಿ.ಪಿ. ಏರುತ್ತದೆ. ನಿದ್ದೆ ಕೆಟ್ಟು ನನ್ನ ಬಳಿಗೆ ಬಂದವರಿದ್ದಾರೆ. ಆರು ಕಾರಣಗಳಲ್ಲಿ ಮನಸ್ಸಿನ ಚಲನೆಯೂ ಒಂದು ಎಂದೆನಲ್ಲ, ಇದೇ ಅದು. ನೋಟಿಸೆಂದರೆ ನಾಳೆ ಜೆಸಿಬಿ ಬರುತ್ತದೆ ಎಂದಲ್ಲ. ಕಾಯ್ದೆಯ 321ನೇ ಕಲಮಿನಲ್ಲಿ ಮೊದಲು ತಾತ್ಕಾಲಿಕ ಆದೇಶ, ಜೊತೆಗೆ ಕಾರಣ ಕೇಳುವ ನೋಟಿಸು, ನಿಮ್ಮ ಉತ್ತರ ನೋಡಿದ ನಂತರವೇ ಅಂತಿಮ ಆದೇಶ. ಅದರ ಮೇಲೆ 443ಎ ಕಲಮಿನಂತೆ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಬಹುದು. 2024ರ ನವೆಂಬರ್ 13ರಂದು ಸುಪ್ರೀಂ ಕೋರ್ಟು ದೇಶಕ್ಕೆಲ್ಲ ಅನ್ವಯಿಸುವಂತೆ, ನೋಟಿಸು ತಲುಪಿದ ಮೇಲೆ ಕನಿಷ್ಠ 15 ದಿನ ಕೊಡದೆ ಕೆಡವಬಾರದೆಂದು ಹೇಳಿದೆ. ರಸ್ತೆ, ಫುಟ್‌ಪಾತಿನಂಥ ಸಾರ್ವಜನಿಕ ಜಾಗದ ಒತ್ತುವರಿಗೆ ಈ ರಕ್ಷಣೆ ಇಲ್ಲ. ಉತ್ತರ ಕೊಡದೆ ನೋಟಿಸನ್ನು ಕಪಾಟಿನಲ್ಲಿಡುವುದು ಎಲ್ಲಕ್ಕಿಂತ ದೊಡ್ಡ ತಪ್ಪು. ಅಕ್ರಮ-ಸಕ್ರಮ ಬಂದಾಗ ಸರಿಯಾಗುತ್ತದೆ ಎಂದು ಕಾಯುವುದು ಎರಡನೆಯದು. ಆ ಯೋಜನೆಗೆ 2017ರ ಜನವರಿಯಲ್ಲಿ ಸುಪ್ರೀಂ ಕೋರ್ಟಿನಿಂದ ತಡೆ ಬಿತ್ತು. ಅದನ್ನು ನಂಬಿ ಗೋಡೆ ಎಬ್ಬಿಸಬೇಡಿ.

ದೂರು ಕೊಡುವವರು ನೀವಾದರೆ, ಮೊದಲು ಪಕ್ಕದವರ ಮಂಜೂರಾದ ನಕ್ಷೆ ಏನಿದೆ ಎಂದು ತಿಳಿಯಿರಿ. ಮಾಹಿತಿ ಹಕ್ಕಿನಲ್ಲಿ ಹತ್ತು ರೂಪಾಯಿ ಶುಲ್ಕ, ಒಂದೇ ವಿಷಯ, 150 ಪದದೊಳಗೆ ಅರ್ಜಿ, 30 ದಿನದಲ್ಲಿ ಉತ್ತರ. ನಕ್ಷೆಯಂತೆಯೇ ಕಟ್ಟಿದ್ದಾರೆಂದು ಗೊತ್ತಾಗಿ ಸುಮ್ಮನಾದವರೂ ಇದ್ದಾರೆ. ಬ್ರಿಟನ್ನಿನಲ್ಲಿ 1996ರ ಕಾನೂನಿನಂತೆ ನಡುಗೋಡೆ ಮುಟ್ಟುವ ಮೊದಲು ನೆರೆಯವರಿಗೆ ಎರಡು ತಿಂಗಳ ಮುಂಚೆ ಬರೆದು ತಿಳಿಸಬೇಕು. ನಮ್ಮಲ್ಲಿ ಅಂಥ ಕಾನೂನಿಲ್ಲ, ಆದರೆ ನಕ್ಷೆ ಹಿಡಿದು ಪಕ್ಕದ ಮನೆಗೆ ಹೋಗುವುದನ್ನು ಯಾರೂ ನಿಷೇಧಿಸಿಲ್ಲ. ನೆರೆಯವನು ತನ್ನ ಗೋಡೆಗೆ ತೊಲೆ ಊರುವುದನ್ನು ತಡೆಯಬೇಡಿ ಎಂಬ ಪ್ರವಾದಿವರ್ಯರ(ಸ) ಸೂಚನೆ ಬುಖಾರಿ, ಮುಸ್ಲಿಮ್ ಎರಡರಲ್ಲೂ ಇದೆ. ನಾವು ಅದನ್ನು ನಮಗೆ ತೊಲೆ ಊರಬೇಕಾದಾಗ ಮಾತ್ರ ನೆನಪಿಸಿಕೊಳ್ಳುತ್ತೇವೆ.

ಮಾತು ನಿಂತುಹೋಗಿದ್ದರೆ ಜಮಾಅತಿನ ಹಿರಿಯರು, ಅಥವಾ ಎರಡೂ ಮನೆಗೆ ಬೇಕಾದ ಒಬ್ಬರು ನಡುವೆ ಬರಲಿ. ಪಕ್ಕದವರು ಬೇರೆ ಧರ್ಮದವರಾದರೆ ಇದು ಇನ್ನೂ ಮುಖ್ಯ. ನಮ್ಮೂರಿನಲ್ಲಿ ಗೋಡೆಯ ಜಗಳ ಗೋಡೆಯ ಜಗಳವಾಗಿಯೇ ಉಳಿಯುತ್ತದೆಂಬ ಭರವಸೆ ಇಲ್ಲ, ಬೀದಿಯವರ ಬಾಯಿಗೆ ಬೀಳುವ ಮೊದಲೇ ಎರಡು ಮನೆಯೊಳಗೆ ಮುಗಿಯಬೇಕು. ಆಗದಿದ್ದರೆ ಮಂಗಳೂರಿನ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರ ಇದೆ. ಹೆಂಗಸರಿಗೆ ಆದಾಯ ಎಷ್ಟೇ ಇರಲಿ ಅಲ್ಲಿ ಉಚಿತ ಕಾನೂನು ನೆರವು ಸಿಗುತ್ತದೆ. ಲೋಕ ಅದಾಲತ್ತಿನಲ್ಲಿ ಆದ ರಾಜಿಗೆ ಕೋರ್ಟಿನ ಡಿಕ್ರಿಯ ಬಲವಿದೆ, ಅದರ ಮೇಲೆ ಅಪೀಲಿಲ್ಲ.

ಉಪದೇಶ ಮಾಡುವ ನಾನೂ ಸಾಚಾ ಅಲ್ಲ. ಕೆಲವು ವರ್ಷದ ಹಿಂದೆ ಟೆರೇಸಿಗೆ ಶೀಟು ಹಾಕಿಸಿದೆ. ಯಾರನ್ನೂ ಕೇಳಲಿಲ್ಲ, ಎಲ್ಲರೂ ಹಾಕಿಸುತ್ತಾರಲ್ಲ ಎಂದುಕೊಂಡೆ. ಮೊದಲ ಮಳೆಗೆ ಶೀಟಿನ ನೀರೆಲ್ಲ ಪಕ್ಕದ ಮನೆಯ ಅಕ್ಕನ ಗೋಡೆಗೆ ಬಿತ್ತು. ಅವರು ಯಾವ ಕಚೇರಿಗೂ ಹೋಗಲಿಲ್ಲ. ನನ್ನ ಹೆಂಡತಿಯನ್ನು ಕರೆದು ತಮ್ಮ ಮಲಗುವ ಕೋಣೆಯ ಒದ್ದೆ ಗೋಡೆಯನ್ನು ಮುಟ್ಟಿಸಿ, "ಡಾಕ್ಟ್ರಿಗೆ ಹೇಳಿ, ನಮ್ಮ ಯಜಮಾನರ ಕೆಮ್ಮಿಗೆ ಮದ್ದು ಅವರ ಮಾಡಿನಲ್ಲೇ ಇದೆ" ಎಂದರಂತೆ. ಆ ವಾರವೇ ಶೀಟಿನ ಅಂಚನ್ನು ಎರಡಡಿ ಹಿಂದಕ್ಕೆ ಕತ್ತರಿಸಿ, ದಂಬೆ ಕೂರಿಸಿ, ಪೈಪನ್ನು ನಮ್ಮ ಅಂಗಳಕ್ಕೆ ಇಳಿಸಿದೆ. ಪರವಾನಿಗೆಯ ವಿಷಯವನ್ನು ನಂತರ ಇಂಜಿನಿಯರನ್ನು ಕಂಡು ವಿಚಾರಿಸಿದೆ.

ಆ ಹುಡುಗಿಯ ಮನೆಯ ಗೋಡೆ ಇನ್ನೂ ಹಾಗೆಯೇ ಇದೆ, ವಿಚಾರಣೆ ನಡೆಯುತ್ತಿದೆ. ಆದರೆ ಸಂಬಂಧಿಕರೊಬ್ಬರು ನಡುವೆ ಬಂದು, ಎಕ್ಸಾಸ್ಟಿನ ಕೊಳವೆಯನ್ನು ಮಾಡಿನ ಮೇಲಕ್ಕೆ ತಿರುಗಿಸಲು ಅವರು ಒಪ್ಪಿದರು. ಇವರು ತಮ್ಮ ಶೀಟಿಗೆ ದಂಬೆ ಹಾಕಿಸಿದರು. ಮಗುವಿನ ಮಂಚ ಈಗ ಮುಂದಿನ ಕೋಣೆಯಲ್ಲಿದೆ, ಅಲ್ಲಿ ಪೂರ್ವಕ್ಕೆ ಕಿಟಕಿ. ಕಳೆದ ತಿಂಗಳು ತಾಯಿ ಬಂದಾಗ ಮಗಳನ್ನು ಕರೆತಂದಿರಲಿಲ್ಲ. ತನ್ನ ಮಂಡಿನೋವಿಗೆ ಎಣ್ಣೆ ಕೇಳಲು ಬಂದಿದ್ದರು.